ಮೋಡದ ದಿನದ ಅರ್ಧ ತಾಸು

ಇದು ನಡೆದು ಮೂರು ವರ್ಷವಾಯಿತು. ಆಗ ನನಗಿನ್ನೂ ಮದುವೆಯಾಗಿರಲಿಲ್ಲ. ರಾಯದುರ್ಗದ ಮನೆಯಲ್ಲಿ ಅವ್ವ, ನಾನು, ತಂಗಿ ಮೂವರೇ ಇದ್ದೆವು. ನಾನು ಏಳನೇ ಕ್ಲಾಸಿಗೆ ಶಾಲೆ ಬಿಟ್ಟು ಜೀನ್ಸ್ ಪ್ಯಾಂಟ್ ಹೊಲಿಯುವ ಯೂನಿಟ್ಟಿಗೆ ಸೇರಿದವಳು. ತಂಗಿ ಇಂಟರ್, ಅಂದರೆ ಪಿಯುಸಿ, ಓದುತ್ತಿದ್ದಳು.

ತಂಗಿಯ ಎಡಗೈಯಲ್ಲಿ, ಮೊಣಕೈ ಕೆಳಗೆ ಒಂದು ಬಿಳಿ ಕಲೆ ಎದ್ದಿತ್ತು. ಹುಣಸೆ ಬೀಜದಷ್ಟಿದ್ದದ್ದು ವರ್ಷದೊಳಗೆ ಅಂಗೈಯಷ್ಟಾಯಿತು. ಬಳ್ಳಾರಿಯ ಚರ್ಮದ ಡಾಕ್ಟರಮ್ಮ ನೋಡಿ, ಇದು ತೊನ್ನು, ಅಂಟುವ ರೋಗವಲ್ಲ, ಹೆದರಬೇಡಿ ಎಂದರು. ಹಚ್ಚುವ ಔಷಧಿ ಬರೆದುಕೊಟ್ಟರು. ಅದನ್ನು ಹಚ್ಚಿಕೊಂಡು ಸ್ವಲ್ಪ ಹೊತ್ತು ಮನೆಯೊಳಗಿದ್ದು, ಆಮೇಲೆ ಕೈಯನ್ನು ಬಿಸಿಲಿಗೆ ಒಡ್ಡಬೇಕು. ಐದೇ ನಿಮಿಷ. ನಂತರ ಸೋಪು ಹಚ್ಚಿ ತೊಳೆದು ಬಟ್ಟೆ ಮುಚ್ಚಬೇಕು.

"ಔಷಧಿ ಒಂದರಿಂದ ಏನೂ ಆಗಂಗಿಲ್ಲ. ಬಿಸಿಲು ಬಿದ್ದರೇನೇ ಅದು ಕೆಲಸ ಮಾಡೋದು. ಗಡಿಯಾರ ನೋಡಿಕೊಂಡೇ ಮಾಡ್ರಿ" ಎಂದು ಡಾಕ್ಟರಮ್ಮ ಎರಡೆರಡು ಸಲ ಹೇಳಿದ್ದರು.

ನಿಮಿಷ ನೋಡುವ ಕೆಲಸ ನನ್ನದಾಯಿತು. ವಾರಕ್ಕೆ ಮೂರು ದಿನ ಇಬ್ಬರೂ ಮಾಳಿಗೆ ಹತ್ತುತ್ತಿದ್ದೆವು. ಎರಡು ತಿಂಗಳಾಗುವಷ್ಟರಲ್ಲಿ ಬಿಳಿ ಕಲೆಯೊಳಗೆ ಅಲ್ಲಲ್ಲಿ ಎಳ್ಳು ಉದುರಿಸಿದಂತೆ ಕಂದು ಚುಕ್ಕಿಗಳು ಎದ್ದವು. "ಅಕ್ಕಾ, ನನ್ನ ಕೈಯಾಗ ಎಳ್ಳು ಮೊಳಕಿ ಒಡದೈತೆ ನೋಡು" ಎಂದು ತಂಗಿ ಕುಣಿದಳು.

ಅದೇ ಹೊತ್ತಿಗೆ ನನಗೆ ಮಡಕಶಿರಾದಿಂದ ಒಂದು ಸಂಬಂಧ ಬಂತು. ಆಷಾಢ ಕಳೆಯಲಿ, ಶ್ರಾವಣದಲ್ಲಿ ಹುಡುಗಿ ನೋಡಲು ಬರುತ್ತೇವೆ ಎಂದು ಹೇಳಿ ಕಳಿಸಿದ್ದರು. ಯೂನಿಟ್ಟಿನಲ್ಲಿ ನನ್ನ ಪಕ್ಕದ ಮಿಷನ್ನಿನಾಕೆ ಕೇಳಿದಳು, "ನಿನ್ನ ತಂಗಿ ಕೈ ನೋಡಿದ ಮ್ಯಾಲೆ ನಿನ್ನ ಒಪ್ತಾರೇನ? ಈ ರೋಗ ಮನೆತನದಾಗ ಐತಂತಾರ ನೋಡು." ಆ ಮಾತು ನನ್ನ ತಲೆಯಲ್ಲಿ ಕೂತುಬಿಟ್ಟಿತು. ಅಲ್ಲಿಯವರೆಗೆ ತಂಗಿಯ ಕಲೆ ಅವಳಿಗಾಗಿ ಹೋಗಲಿ ಎಂದುಕೊಂಡಿದ್ದೆ. ಅವತ್ತಿನಿಂದ ನನಗಾಗಿ ಹೋಗಲಿ ಎಂದುಕೊಂಡೆ.

ಆ ಆಷಾಢದಲ್ಲಿ ನಮ್ಮ ಕಡೆ ಬರೀ ಗಾಳಿ, ಬರೀ ಮೋಡ. ಹನಿ ಮಳೆಯಿಲ್ಲ, ಬಿಸಿಲೂ ಇಲ್ಲ. ಒಂದು ವಾರ ಔಷಧಿ ಹಚ್ಚಲೇ ಇಲ್ಲ. ಶ್ರಾವಣ ಹತ್ತಿರ ಬರುತ್ತಿತ್ತು. ಭಾನುವಾರ ಮಧ್ಯಾಹ್ನ ನನಗೊಂದು ಲೆಕ್ಕ ಹೊಳೆಯಿತು. ಮೋಡವಿದ್ದ ದಿನ ಸಂಡಿಗೆಯನ್ನು ನಾವು ಹೆಚ್ಚು ಹೊತ್ತು ಮಾಳಿಗೆ ಮೇಲೆ ಬಿಡುವುದಿಲ್ಲವೇ? ಬಿಸಿಲು ಕಡಿಮೆಯಾದರೆ ಹೊತ್ತು ಜಾಸ್ತಿ ಮಾಡಿದರಾಯಿತು. ತಂಗಿಗೆ ಔಷಧಿ ಹಚ್ಚಿ ಮಾಳಿಗೆಗೆ ಕರೆದುಕೊಂಡು ಹೋದೆ.

ಹತ್ತು ನಿಮಿಷಕ್ಕೆ ಅವಳು, "ಅಕ್ಕಾ, ಸಾಕಾ?" ಎಂದಳು.

"ಬಿಸಿಲೆಲ್ಲೈತೆ? ಸುಮ್ಮನ ಕುಂದ್ರು" ಎಂದೆ.

ತಣ್ಣನೆ ಗಾಳಿ ಬೀಸುತ್ತಿತ್ತು. ಕೈ ಮುಟ್ಟಿ ನೋಡಿದೆ, ಬೆಚ್ಚಗೂ ಆಗಿರಲಿಲ್ಲ. ಪೂರ್ತಿ ಅರ್ಧ ತಾಸು ಕೂರಿಸಿದೆ. ಸಂಜೆಯವರೆಗೂ ಏನೂ ಆಗಲಿಲ್ಲ. ಒಳ್ಳೆಯ ಉಪಾಯ ಮಾಡಿದೆ ಎಂದು ಒಳಗೊಳಗೇ ಹಿಗ್ಗಿದೆ.

ಮಾರನೆಯ ದಿನ ಕೈ ಕೆಂಪಗಾಯಿತು. ಅದರ ಮಾರನೆಯ ದಿನ ನೀರು ತುಂಬಿದ ಗುಳ್ಳೆಗಳು ಎದ್ದವು. ನಾನು ಕೆಲಸಕ್ಕೆ ರಜೆ ಹಾಕಿ ಅವಳನ್ನು ಬಳ್ಳಾರಿಗೆ ಕರೆದುಕೊಂಡು ಹೋದೆ. ದಾರಿಯುದ್ದಕ್ಕೂ ಅವಳು ಕೈಯನ್ನು ಮಗುವಿನ ಹಾಗೆ ಮಡಿಲಲ್ಲಿ ಇಟ್ಟುಕೊಂಡಿದ್ದಳು. ಒಂದು ಸಲವೂ ನನ್ನನ್ನು ಬಯ್ಯಲಿಲ್ಲ.

ಡಾಕ್ಟರಮ್ಮ ಕೇಳಿದರು, "ಎಷ್ಟು ಹೊತ್ತು ಬಿಸಿಲಿಗೆ ಇಟ್ರಿ?"

"ಐದು ನಿಮಿಷರಿ" ಎಂದೆ. ಬಾಯಿಂದ ಹಾಗೇ ಬಂದುಬಿಟ್ಟಿತು.

ಅವರು ತಂಗಿಯ ಕಡೆ ತಿರುಗಿ, "ಹೌದೇನಮ್ಮಾ?" ಎಂದರು.

ತಂಗಿ ನನ್ನ ಮುಖ ನೋಡಿದಳು. ಆಮೇಲೆ ತಲೆ ತಗ್ಗಿಸಿ, "ಹೌದ್ರಿ" ಎಂದಳು.

"ಐದು ನಿಮಿಷಕ್ಕ ಹಿಂಗ ಸುಟ್ಟೈತೆ ಅಂದ್ರ ಈ ಹುಡುಗಿ ಚರ್ಮಕ್ಕ ಈ ಔಷಧಿ ಆಗಿಬರಂಗಿಲ್ಲ" ಎಂದು ಅದನ್ನು ನಿಲ್ಲಿಸಿಬಿಟ್ಟರು. ಗುಳ್ಳೆಗೆ ಮಾತ್ರ ಮುಲಾಮು ಕೊಟ್ಟರು. ಆಗಲೂ ನಾನು ಬಾಯಿ ಬಿಡಲಿಲ್ಲ.

ಶ್ರಾವಣದಲ್ಲಿ ಮಡಕಶಿರಾದವರು ಬಂದರು, ಒಪ್ಪಿದರು. ತಂಗಿಯ ಕಲೆಯ ಮಾತು ನಾವು ಎತ್ತಲಿಲ್ಲ. ಕಾರ್ತಿಕದಲ್ಲಿ ಮದುವೆಯಾಯಿತು. ಅಷ್ಟರಲ್ಲಿ ತಂಗಿಯ ಕಲೆ ಮಣಿಕಟ್ಟಿನವರೆಗೆ ಇಳಿದಿತ್ತು. ನನ್ನ ಮದುವೆಯಲ್ಲಿ ಅವಳು ತುಂಬು ತೋಳಿನ ರವಿಕೆ ಹೊಲಿಸಿಕೊಂಡು ಎಲ್ಲರಿಗೂ ನಗುನಗುತ್ತಾ ಬಡಿಸಿದಳು.

ಮಡಕಶಿರಾಕ್ಕೆ ಬಂದು ಹದಿನೈದು ದಿನವಾಗಿತ್ತು. ಅಂಗಳದಲ್ಲಿ ಕಡ್ಲೇಕಾಯಿ ಒಣಹಾಕಿದ್ದೆವು. ಮೋಡ ಕವಿಯಿತು. ಅತ್ತೆ, "ಬಿಸ್ಲು ಸಾಲ್ದು ಕಣಮ್ಮಿ. ಇನ್ನೆರಡು ದಿನ ಬುಟ್ರೆ ಒಣಗ್ತೈತೆ ಬುಡು" ಎಂದರು. ನನಗೆ ಅಲ್ಲೇ ಅಳು ಬಂತು. ಅತ್ತೆ ಗಾಬರಿಯಾಗಿ ಒಳಗಿನಿಂದ ಮಗನನ್ನು ಕರೆದರು.

"ಯಾಕೆ, ನಮ್ಮವ್ವ ಏನಾರ ಅಂದ್ಳಾ?" ಎಂದು ಯಜಮಾನರು ಕೇಳಿದರು. ಎಲ್ಲವನ್ನೂ ಹೇಳಿದೆ. ಕಲೆ ಮುಚ್ಚಿಟ್ಟು ಮದುವೆ ಮಾಡಿದಿರಾ ಎಂದು ಬಯ್ಯುತ್ತಾರೆ ಅಂದುಕೊಂಡಿದ್ದೆ.

"ನಿನ್ ತಂಗಿ ಕೈ ನಾನು ಹೆಣ್ಣು ನೋಡಕ್ಕೆ ಬಂದಾಗ್ಲೇ ನೋಡಿದ್ದೆ, ಕಾಫಿ ಕೊಡುವಾಗ. ಅದ್ಕೇನೀಗ? ಮೊದ್ಲು ಹೋಗಿ ಡಾಕ್ಟ್ರಿಗೆ ನಿಜ ಯೋಳ್ಬಾ" ಎಂದರು.

ಮುಂದಿನ ವಾರ ರಾಯದುರ್ಗಕ್ಕೆ ಹೋಗಿ, ತಂಗಿಯನ್ನು ಕರೆದುಕೊಂಡು ಬಳ್ಳಾರಿಗೆ ಹೋದೆ. "ಅವತ್ತು ಸುಳ್ಳು ಹೇಳಿದ್ದೆರಿ. ಅರ್ಧ ತಾಸು ಕುಂದ್ರಿಸಿದ್ದೆ. ಮೋಡ ಇತ್ತಲ್ರಿ, ಅದಕ್ಕ ಸಂಡಿಗಿ ಒಣಗಸೋ ಹಂಗ ಹೊತ್ತು ಜಾಸ್ತಿ ಮಾಡಿದೆ" ಎಂದೆ.

ಡಾಕ್ಟರಮ್ಮ ಪೆನ್ನು ಕೆಳಗಿಟ್ಟರು. ಆಮೇಲೆ ನನ್ನಂಥವಳಿಗೂ ತಿಳಿಯುವ ಹಾಗೆ ಹೇಳಿದರು. "ನಮ್ಮ ಸುತ್ತ ಇರೋ ಗಾಳಿ, ಮ್ಯಾಲೆ ಭಾಳ ದೂರದ ತನಕ ಐತೆ. ಸೂರ್ಯನ ಕಿರಣದಾಗ ಭಾಳ ಕೆಟ್ಟದ್ದನ್ನ ಅದು ಮ್ಯಾಲೇ ತಡೀತೈತೆ. ಇಲ್ಲಾಂದ್ರ ನಾವ್ಯಾರೂ ಉಳೀತಿರಲಿಲ್ಲ. ಅದು ತಡೀದೆ ಬಿಟ್ಟ ಒಂದು ಕಿರಣದಿಂದ ಈ ಔಷಧಿ ಕೆಲಸ ಮಾಡ್ತೈತೆ. ಅದು ಕಣ್ಣಿಗೂ ಕಾಣಂಗಿಲ್ಲ, ಮೈಗೂ ಬಿಸಿ ಹತ್ತಂಗಿಲ್ಲ. ಮೋಡ ಬಂದ್ರ ನಮಗ ತಂಪು ಅನಿಸ್ತೈತೆ. ಆದರ ಆ ಕಿರಣ ಮೋಡದಾಗಿಂದ ಭಾಳಷ್ಟು ದಾಟಿ ಬರ್ತೈತೆ. ಸಂಡಿಗಿ ಲೆಕ್ಕ ಇಲ್ಲಿ ನಡಿಯಂಗಿಲ್ಲಮ್ಮ."

ಕೊನೆಗೆ ಅಂದರು, "ತಿಳೀದೆ ಸುಟ್ಟಿ, ಅದಿರಲಿ. ಸುಳ್ಳು ಹೇಳಿ ಇಷ್ಟು ತಿಂಗಳು ಔಷಧಿ ತಪ್ಪಿಸಿದಿ ನೋಡು, ಅದು ದೊಡ್ಡದು." ಮತ್ತೆ ಅದೇ ಔಷಧಿ, ಇನ್ನೂ ಕಡಿಮೆ ನಿಮಿಷದಿಂದ ಶುರು ಮಾಡಿದರು.

ವಾಪಸ್ಸು ಬರುವ ಬಸ್ಸಿನಲ್ಲಿ ತಂಗಿಯನ್ನು ಕೇಳಿದೆ, "ಅವತ್ತು ಯಾಕ ಹೌದ್ರಿ ಅಂದಿ?"

"ನೀನ ನಿಜ ಹೇಳ್ತೀಯೇನೋ ಅಂತ ಕಾದೆ. ಹೇಳಲಿಲ್ಲ. ನಿನ್ನ ಮುಖ ನೋಡಿದ್ರ, ನಾ ಅಲ್ಲ ಅಂದ್ರ ನೀ ಸತ್ತೇ ಹೋಗ್ತಿ ಅನಿಸ್ತು."

"ಸಿಟ್ಟು ಬರಲಿಲ್ಲೇನ?"

"ಬಂದಿತ್ತು. ನಿನ್ನ ಮದುವ್ಯಾಗ ಎರಡು ಹೋಳಿಗಿ ಜಾಸ್ತಿ ತಿಂದೆ. ತೀರ್ತು" ಎಂದು ನನ್ನ ಭುಜಕ್ಕೆ ಒರಗಿ ನಿದ್ದೆ ಹೋದಳು.

ಈಗ ಅವಳ ಕೈಯಲ್ಲಿ ಬಣ್ಣ ಬಹಳಷ್ಟು ಮರಳಿದೆ. ಅವತ್ತು ಗುಳ್ಳೆ ಒಡೆದ ಒಂದು ಜಾಗ ಮಾತ್ರ ಇನ್ನೂ ಬೆಳ್ಳಗಿದೆ. ಊರಿಗೆ ಹೋದಾಗಲೆಲ್ಲ ನನ್ನ ಕಣ್ಣು ಮೊದಲು ಅಲ್ಲಿಗೇ ಹೋಗುತ್ತದೆ. ಅದು ತಿಳಿಯದೆ ಆದ ತಪ್ಪಿನ ಗುರುತು ಎಂದು ಸಮಾಧಾನ ಮಾಡಿಕೊಳ್ಳಬಹುದು. ಆದರೆ ಆ 'ಐದು ನಿಮಿಷರಿ' ತಿಳಿದೇ ಆಡಿದ ಮಾತು.

ಇದನ್ನು ಬರೆದು ಮುಗಿಸಿ ಫೋನಿನಲ್ಲಿ ಅವಳಿಗೆ ಓದಿ ಹೇಳಿದೆ. ಎಲ್ಲ ಕಡೆ ಬರೀ ತಂಗಿ ಎಂದೇ ಬರೆದಿದ್ದೇನೆ, ಹೆಸರು ಹಾಕಿಲ್ಲ, ಯಾರಿಗೂ ನೀನೆಂದು ತಿಳಿಯುವುದಿಲ್ಲ ಎಂದೆ.

"ಹಾಕಕ್ಕಾ. ನಾನೇನು ಕಳ್ಳತನ ಮಾಡೀನೇನು?" ಎಂದಳು.

ಅವಳ ಹೆಸರು ಗಿರಿಜಾ.