ನ್ಯಾಮತಿಯಲ್ಲಿ ನಿಂತ ಕಾರು

ಹೊನ್ನಾಳಿಯ ಮೇಸ್ತ್ರಿ ನನ್ನ ಕಾರಿನ ಮುಂದಿನ ಚಕ್ರ ಹಿಡಿದು ಅಲುಗಾಡಿಸಿದರು. ಕಟಕಟ ಸದ್ದು ಬಂತು.

“ಚಕ್ರ ಹಿಡಿಯೋ ತೋಳು ಎರಡೂ ಸವೆದಾವ್ರಿ ಡಾಕ್ಟ್ರೇ. ಹಿಂಗೇ ಓಡಿಸಿದ್ರೆ ಚಕ್ರ ಕಳಚ್ತೈತೆ.”

ಯುದ್ಧದ ಕಾಲ, ಹೊಸದು ಎಲ್ಲೂ ಸಿಗುತ್ತಿರಲಿಲ್ಲ. ಅಂಥದೇ ಕಾರು ಇದ್ದದ್ದು ನ್ಯಾಮತಿಯ ಒಂದೇ ಮನೆಯಲ್ಲಿ. ಆ ಮನೆಯ ಯಜಮಾನರಿಗೆ ಎದೆನೋವು ಬಂದ ದಿನ ನನ್ನ ಕಾರು ದಾರಿಯಲ್ಲಿ ಕೆಟ್ಟು, ನಾನು ತಲುಪುವಷ್ಟರಲ್ಲಿ ಉಸಿರು ನಿಂತಿತ್ತು. ಅವರ ಕಾರನ್ನು ಹೆಂಡತಿ ದಿನವೂ ಒರೆಸಿಡುತ್ತಿದ್ದರು. ಆ ಬಾಗಿಲಿಗೆ ಹೋದಾಗ ನಾನು ಮೇಸ್ತ್ರಿಯ ಹಿಂದೆ ನಿಂತೆ. ಆ ಕಾರಿನ ತೋಳುಗಳನ್ನು ಮೇಸ್ತ್ರಿಯೇ ಕೇಳಿದರು.

“ಬಿಚ್ಕೊಳ್ರಿ,” ಎಂದರು ಆ ತಾಯಿ, ನನ್ನನ್ನೇ ನೋಡುತ್ತಾ. “ಇನ್ನೊಬ್ರ ಮನೆಗಾದ್ರೂ ಹೊತ್ತಿಗೆ ಸರಿಯಾಗಿ ಹೋಗ್ರಿ.”

ನಾವು ಹೊರಟಾಗ ಅವರು ಕಲ್ಲುಗಳ ಮೇಲೆ ಕುಳಿತ ಆ ಕಾರನ್ನು ಎಂದಿನಂತೆ ಒರೆಸುತ್ತಿದ್ದರು. ಅಂದಿನಿಂದ ಕರೆ ಬಂದಾಗಲೆಲ್ಲ ಅರ್ಧ ಊಟದ ಎಲೆ ಬಿಟ್ಟು ಎದ್ದಿದ್ದೇನೆ.