ಅತ್ತೆಯ ಪಾಲಿಗೆ ಬಂದ ಬೂದಿರಾಜನ ರಾಗ

ನನ್ನ ಆರತಕ್ಷತೆಯ ಸಂಜೆ ಅತ್ತೆಯವರು ಹಲಸೂರಿನ ಕಲ್ಯಾಣ ಮಂಟಪದೊಳಗೆ ಕಾಲಿಟ್ಟಾಗ ಬ್ಯಾಂಡಿನವರು ಬಾರಿಸಿದ್ದು ಬೂದಿರಾಜನ ರಾಗವನ್ನು. ಬೂದಿರಾಜ ಯಾರೆಂದು ತಿಳಿಯದವರಿಗೆ ಅದೊಂದು ಗಂಭೀರವಾದ ಮೆರವಣಿಗೆಯ ವಾದ್ಯ, ಅಷ್ಟೆ. ತಿಳಿದವರಿಗೆ, ಅಂದರೆ ವೇದಿಕೆಯ ಮೇಲೆ ನಿಂತಿದ್ದ ನನಗೆ ಮತ್ತು ಮುಂದಿನ ಸಾಲುಗಳಲ್ಲಿ ಕೂತಿದ್ದ ನನ್ನ ಕಾಲೇಜು ಗೆಳೆಯರಿಗೆ, ಎದೆ ಧಸಕ್ಕೆನಿಸುವ ರಾಗ.

ಬೂದಿರಾಜ ಒಂದು ಸಿನಿಮಾ ಸರಣಿಯ ಖಳನಾಯಕ. ಒಟ್ಟು ಐದು ಭಾಗ. ಬೆಟ್ಟಗಳ ನಡುವೆ ಒಂದು ಕಣಿವೆ, ಅಲ್ಲಿ ದೈತ್ಯ ಹಕ್ಕಿಗಳನ್ನು ಸಾಕಿಕೊಂಡು ಬದುಕುವ ಜನ, ಆ ಕಣಿವೆಯನ್ನು ಸುಟ್ಟು ಬೂದಿ ಮಾಡಲು ಹೊರಟ ಒಬ್ಬ ರಾಜ. ಅಣ್ಣನೂ ನಾನೂ ಹಲಸೂರಿನ ನಮ್ಮ ಮನೆಯಲ್ಲಿ ಅದನ್ನು ನೋಡಿ ನೋಡಿ ಟಿವಿಯನ್ನೇ ಸವೆಸಿದ್ದೆವು. ಆ ಸಿನಿಮಾಗಳಲ್ಲಿ ಯಾರೂ ಹಾಡುವುದಿಲ್ಲ. ಆದರೆ ಒಬ್ಬೊಬ್ಬರಿಗೂ ಒಂದೊಂದು ರಾಗವಿದೆ. ಕಣಿವೆಗೆ ಕ್ಲಾರಿನೆಟ್ಟಿನಲ್ಲಿ ಜೋಗುಳದಂಥ ರಾಗ. ಹಕ್ಕಿಗಳು ಹಾರುವಾಗ ಪಿಟೀಲುಗಳೆಲ್ಲ ಒಟ್ಟಿಗೆ ಮೇಲೇರುವ ರಾಗ. ಬೂದಿರಾಜನಿಗೆ ಕಹಳೆ ಮತ್ತು ನಗಾರಿ: ನಾಲ್ಕು ಸ್ವರ ಮೆಟ್ಟಿಲಿಳಿದು, ಅಲ್ಲೇ ನಿಂತು, ಕೊನೆಯ ಸ್ವರ ಮಾತ್ರ ಮೇಲಕ್ಕೆ ನೆಗೆಯುತ್ತದೆ. ರಾಜ ತೆರೆಯ ಮೇಲೆ ಬರುವ ಮುಂಚೆ ಅವನ ರಾಗ ಬಂದುಬಿಡುತ್ತದೆ. ಅಮ್ಮ ಒಂದು ಭಾಗವನ್ನೂ ಕೂತು ನೋಡಿದವಳಲ್ಲ. ಆದರೂ ಅಡುಗೆಮನೆಯಿಂದಲೇ, "ಬಂತು ನೋಡು ಆ ಬೂದಿ ಮುಂಡೇದು, ಸೌಂಡ್ ಕಮ್ಮಿ ಮಾಡ್ರೋ!" ಎಂದು ಕೂಗುತ್ತಿದ್ದಳು.

ಕಥೆಯಲ್ಲಿ ಬೂದಿರಾಜ ಬಂದಾಗ ಅವನ ಸೈನಿಕರು ಎದ್ದು ನಿಂತು, ಬಲಗೈ ಬೆರಳನ್ನು ಹಣೆಗೆ ಮುಟ್ಟಿಸಿ ತಲೆ ಬಾಗುತ್ತಾರೆ. ನಮ್ಮಂಥ ಹುಚ್ಚರು ಥಿಯೇಟರಿನಲ್ಲೂ ಹಾಗೆಯೇ ಮಾಡುತ್ತಿದ್ದೆವು. ಆ ರಾಗ ಕಿವಿಗೆ ಬಿದ್ದರೆ ಕಾಲು ತಾನಾಗಿ ಏಳುತ್ತಿತ್ತು.

ಇಂಥ ಹುಚ್ಚಿ ಮದುವೆಯಾದದ್ದು ಮೊದಲನೆಯ ಭಾಗದಲ್ಲೇ ಗೊರಕೆ ಹೊಡೆದ ಮನುಷ್ಯನನ್ನು. ಸಿ.ವಿ. ರಾಮನ್ ನಗರದ ಆಫೀಸಿನಲ್ಲಿ ಪರಿಚಯವಾದವರು, ಧಾರವಾಡದವರು. ಮದುವೆ ಅವರ ಊರಿನಲ್ಲಿ ನಡೆಯಿತು, ಆರತಕ್ಷತೆ ನಮ್ಮದು. ನಮ್ಮದೆಂದ ಮೇಲೆ ವಾದ್ಯ ನಮ್ಮಿಷ್ಟದ್ದೇ ಆಗಬೇಕೆಂದು ಅಣ್ಣನೂ ನಾನೂ ಶಿವಾಜಿನಗರದ ಒಂದು ಓಣಿಗೆ ಹೋದೆವು. ಅಲ್ಲಿ ಮದುವೆ ಬ್ಯಾಂಡಿನವರ ಅಂಗಡಿಯಿತ್ತು. ಜರತಾರಿ ಹೊಲಿದ ಕೆಂಪು ಕೋಟುಗಳು ಬಾಗಿಲಿಗೆ ಪರದೆಯಂತೆ ತೂಗುತ್ತಿದ್ದವು. ಬ್ಯಾಂಡ್ ಮಾಸ್ಟರು ಟ್ರಂಪೆಟ್ ನುಡಿಸುವವರು, ವಯಸ್ಸಾದವರು. ನನ್ನ ಫೋನನ್ನು ಕಿವಿಗೊತ್ತಿಕೊಂಡು ಕಣ್ಣು ಮುಚ್ಚಿ ಎಲ್ಲ ರಾಗಗಳನ್ನೂ ಕೇಳಿದರು. ಆಮೇಲೆ ನಮ್ಮನ್ನು ಮರುಕದಿಂದ ನೋಡಿದರು.

"ಮಾ, ಪೂರಾ ಕೇಳ್ದೆ. ಐದು ಪಿಕ್ಚರ್‌ಗೂ ಸೇರಿ ಇಷ್ಟೇ ಟ್ಯೂನಾ? ಅದನ್ನೇ ಒಂದ್ಸಲ ನಿಧಾನ, ಒಂದ್ಸಲ ಜೋರು ಮಾಡಿ ಓಡ್ಸ್‌ಬಿಟ್ಟವ್ರೆ. ನಮ್ಮೋರು ಒಂದೇ ಪಿಕ್ಚರ್‌ಗೆ ಆರು ಹಾಡು ಕೊಡ್ತಾರಲ್ಲ!"

"ಅದೇ ಸಾರ್ ಇದರ ಸ್ಪೆಷಾಲಿಟಿ," ಎಂದ ಅಣ್ಣ. "ಆಳಿಗೊಂದು ಟ್ಯೂನ್. ಟ್ಯೂನ್ ಕೇಳಿದ್ರೆ ಯಾರು ಬರ್ತಾ ಇದಾರೆ ಅಂತ ಗೊತ್ತಾಗುತ್ತೆ."

"ಅಚ್ಛಾ! ಹಂಗಾದ್ರೆ ನಮ್ಗೆ ಸುಲಭ. ಯಾರ್ ಬಂದ್ರೆ ಯಾವ್ದು, ಅಷ್ಟ್ ಹೇಳ್ಬಿಡಿ."

ಹೇಳಿದೆವು. ಮೊದಲು ಮದುಮಕ್ಕಳು ಬರುವಾಗ ಹಕ್ಕಿಗಳ ರಾಗ. ಆಮೇಲೆ ಅಣ್ಣ ತನ್ನ ಗೆಳೆಯರ ಜೊತೆ ಕಪ್ಪು ಕನ್ನಡಕ ಹಾಕಿಕೊಂಡು ಬರುತ್ತಾನೆ, ಅವನಿಗೆ ಬೂದಿರಾಜನ ರಾಗ. ಇದು ಅವನದೇ ಹಟ. ಕೊನೆಗೆ ಧಾರವಾಡದ ಬೀಗರು ಬರುವಾಗ ಕಣಿವೆಯ ಜೋಗುಳ. ಅತ್ತೆಯವರಿಗೆ ಕಣ್ಣು ಒದ್ದೆಯಾಗಬೇಕು ಎಂಬುದು ನನ್ನ ಲೆಕ್ಕಾಚಾರ.

"ಹಕ್ಕಿ, ಬೂದಿ, ಜೋಗುಳ," ಎಂದು ಮಾಸ್ಟರು ಬೆರಳು ಮಡಚಿದರು. "ಆಯ್ತು ಮಾ, ನೀವು ಆರಾಮಾಗಿ ಮದ್ವೆ ಮಾಡ್ಕೊಳ್ಳಿ."

ಆ ಸಂಜೆ ಹಕ್ಕಿಗಳು ಸರಿಯಾಗಿಯೇ ಹಾರಿದವು. ಪಿಟೀಲುಗಳ ಬದಲಿಗೆ ನುಡಿಸಿದ ಕ್ಲಾರಿನೆಟ್ಟಿನವರು ಸ್ವಲ್ಪ ಉಸಿರುಗಟ್ಟಿದರು, ಆದರೂ ಚೆನ್ನಾಗಿತ್ತು. ಎರಡನೆಯವನಾಗಿ ಬರಬೇಕಿದ್ದ ಅಣ್ಣ ಕೇಕ್ ತರಲು ಹೋದವನು ಗೆಳೆಯರ ಸಮೇತ ಹಲಸೂರು ಕೆರೆಯ ಪಕ್ಕದ ಟ್ರಾಫಿಕ್ಕಿನಲ್ಲಿ ಸಿಕ್ಕಿಕೊಂಡ. ಅಷ್ಟರಲ್ಲಿ ಬೀಗರ ಮಿನಿ ಬಸ್ಸು ಬಂದೇಬಿಟ್ಟಿತು. ಎಲ್ಲರಿಗಿಂತ ಮುಂದೆ ಅತ್ತೆ, ಹಸಿರು ಇಳಕಲ್ ಸೀರೆ ಉಟ್ಟು, ಬೆನ್ನು ನೆಟ್ಟಗೆ ಮಾಡಿಕೊಂಡು. ಅವರು ಧಾರವಾಡದಲ್ಲಿ ಶಾಲೆಯ ಟೀಚರಾಗಿ ಆಗಷ್ಟೇ ನಿವೃತ್ತರಾಗಿದ್ದರು, ನಡಿಗೆಯಲ್ಲಿ ಇನ್ನೂ ಹಾಜರಿ ಹಾಕುವ ಗತ್ತಿತ್ತು. ಮಾಸ್ಟರಿಗೆ ಎರಡನೆಯ ಗುಂಪು ಬಂದದ್ದು ಕಂಡಿತು. ಎರಡನೆಯದು ಬೂದಿ. ಟ್ರಂಪೆಟ್ ಎತ್ತಿದರು.

ಆ ನಾಲ್ಕು ಸ್ವರ ಮೆಟ್ಟಿಲಿಳಿದ ಕೂಡಲೇ ನನ್ನ ಕೈಯಲ್ಲಿದ್ದ ಹೂಗುಚ್ಛ ಜಾರಿತು. ಬೇಡ, ನಿಲ್ಲಿಸಿ ಎಂದು ಎರಡೂ ಕೈ ಎತ್ತಿ ಬೀಸಿದೆ. ಇನ್ನೂ ಜೋರಾಗಿ ಎಂಬ ಸನ್ನೆಯೆಂದು ತಿಳಿದ ಮಾಸ್ಟರು ನಗಾರಿಯವನತ್ತ ತಿರುಗಿ ಕಣ್ಣು ಬಿಟ್ಟರು. ಅವನು ತನ್ನ ಪೂರ್ತಿ ಶಕ್ತಿ ತೋರಿಸಿದ. ಗಾಜಿನ ಕಿಟಕಿಗಳು ಅದುರಿದವು. ನನ್ನ ಗೆಳೆಯರೆಲ್ಲ ಒಬ್ಬರನ್ನೊಬ್ಬರು ನೋಡಲೂ ಇಲ್ಲ. ಸಾಲಿಗೆ ಸಾಲೇ ಎದ್ದು ನಿಂತು, ಬೆರಳನ್ನು ಹಣೆಗೆ ಮುಟ್ಟಿಸಿ, ತಲೆ ಬಾಗಿತು. ಅದನ್ನು ಕಂಡು, ಏನೋ ಪದ್ಧತಿಯಿರಬೇಕೆಂದು ಹಿಂದಿನ ಸಾಲಿನ ನಮ್ಮ ನೆಂಟರೂ ಎದ್ದರು. ಐಸ್‌ಕ್ರೀಂ ತಿನ್ನುತ್ತಿದ್ದವರು ಕಪ್ಪನ್ನು ಕುರ್ಚಿಯ ಮೇಲಿಟ್ಟು ಎದ್ದರು.

ಅತ್ತೆ ಬಾಗಿಲಲ್ಲೇ ನಿಂತು ಇಡೀ ಸಭೆಯನ್ನು ಒಮ್ಮೆ ನೋಡಿದರು. ಆಮೇಲೆ ಎರಡೂ ಕೈ ಜೋಡಿಸಿ, ರಾಗದ ಹೆಜ್ಜೆಗೆ ಹೆಜ್ಜೆ ಹಾಕುತ್ತ, ನಿಧಾನವಾಗಿ ನಡುವಿನ ದಾರಿಯಲ್ಲಿ ನಡೆದು ಬಂದರು. ಕೊನೆಯ ಸ್ವರ ಮೇಲಕ್ಕೆ ನೆಗೆಯುವ ಹೊತ್ತಿಗೆ ಸರಿಯಾಗಿ ವೇದಿಕೆಯ ಮೆಟ್ಟಿಲು ಹತ್ತಿದರು. ಐದು ಭಾಗಗಳಲ್ಲಿ ಬೂದಿರಾಜ ಒಮ್ಮೆಯೂ ಅಷ್ಟು ಚೆನ್ನಾಗಿ ನಡೆದಿರಲಿಲ್ಲ.

"ತಂಗಿ," ಎಂದರು ನನ್ನ ಕೈ ಹಿಡಿದು. ಕಣ್ಣು ನಿಜವಾಗಿಯೂ ಒದ್ದೆಯಾಗಿತ್ತು. "ಬೆಂಗಳೂರ ಹುಡುಗ್ರಿಗೆ ಹಿರಿಯರಂದ್ರ ಕಿಮ್ಮತ್ತಿಲ್ಲ ಅಂತ ಯಾರ ಹೇಳಿದ್ರವಾ? ರಿಟೈರ್ ಆದ ಮ್ಯಾಲೆ ನನ್ನ ನೋಡಿ ಯಾರೂ ಎದ್ದ ನಿಂತಿದ್ದಿಲ್ಲ."

ಇದನ್ನು ಕೇಳಿದ ಮೇಲೆ ಬಾಯಿ ಬಿಡುವುದಾದರೂ ಹೇಗೆ? ಗಂಡನ ಮುಖ ನೋಡಿದೆ. ಅವರಿಗೆ ಏನೂ ಅರ್ಥವಾಗಿರಲಿಲ್ಲ, ಸುಮ್ಮನೆ ನಗುತ್ತಿದ್ದರು.

ಅಣ್ಣ ಬೆವರಿಳಿಸಿಕೊಂಡು ಬಂದ. ಹೊರಗೆ ನಿಂತು ಕನ್ನಡಕ ಏರಿಸಿ, ಗೆಳೆಯರನ್ನು ಎಡಕ್ಕೂ ಬಲಕ್ಕೂ ನಿಲ್ಲಿಸಿಕೊಂಡು, ಒಳಗೆ ಕಾಲಿಟ್ಟ. ಬ್ಯಾಂಡಿನವರು ಮಗುವನ್ನು ಮಲಗಿಸುವಷ್ಟು ಮೆಲ್ಲಗೆ ಜೋಗುಳ ಶುರು ಮಾಡಿದರು. ಆ ದಾಂಡಿಗರು ಕೇಕಿನ ಡಬ್ಬ ಹಿಡಿದುಕೊಂಡು ಜೋಗುಳಕ್ಕೆ ನಡೆದು ಬಂದ ಚಂದ ವಿಡಿಯೋದಲ್ಲಿ ಪೂರ್ತಿ ಇದೆ. ಅಣ್ಣ ಇಂದಿಗೂ ಅದನ್ನು ನೋಡುವುದಿಲ್ಲ.

ಮರುದಿನ ಬಸ್ಸು ಹತ್ತುವ ಮುಂಚೆ ಅತ್ತೆ ಮಗನಿಗೆ ಹೇಳಿದರು: "ಆ ಬಾಜಾದವರು ನನಗ ಬಾರಿಸಿದ್ರಲ್ಲ, ಆ ಹಾಡು ನನ್ನ ಫೋನಿಗೆ ಹಾಕಿ ಕೊಡು." ನನ್ನಿಂದಲೇ ಫೈಲ್ ಪಡೆದು ಗಂಡ ರಿಂಗ್‌ಟೋನ್ ಮಾಡಿ ಕೊಟ್ಟರು. ಅದು ಯಾರ ರಾಗವೆಂದು ಆಮೇಲೆ ನಾನು ಹೇಳಿದಾಗ ತಲೆ ಮೇಲೆ ಕೈ ಹೊತ್ತು ಕೂತರು. "ಅವ್ವಗ ಗೊತ್ತಾಗೋದು ಬ್ಯಾಡ," ಎಂದಷ್ಟೇ ತೀರ್ಮಾನವಾಯಿತು.

ಹೀಗಾಗಿ ಧಾರವಾಡದ ಸಂತೆಯಲ್ಲಿ, ಬ್ಯಾಂಕಿನಲ್ಲಿ, ಒಮ್ಮೆ ಮಂಗಳಾರತಿಯ ನಡುವೆ, ಬೂದಿರಾಜ ಮೊಳಗತೊಡಗಿದ. ಅತ್ತೆ ಕಾಕ್ಸ್ ಟೌನಿನ ನಮ್ಮ ಫ್ಲಾಟಿಗೆ ಬಂದಾಗ ಲಿಫ್ಟಿನಲ್ಲೂ ಮೊಳಗಿದ. ಜೊತೆಗಿದ್ದ ಮೇಲಿನ ಮನೆಯ ಕಾಲೇಜು ಹುಡುಗಿ ಸೆಟೆದು ನಿಂತು ಹಣೆಗೆ ಬೆರಳು ಮುಟ್ಟಿಸಿ ತಲೆ ಬಾಗಿದಳಂತೆ. ಅತ್ತೆ ಅವಳ ತಲೆ ಮುಟ್ಟಿ ಆಶೀರ್ವಾದ ಮಾಡಿ ಬಂದು, "ಭಾಳ ಛಲೋ ಹುಡುಗಿ, ನಿಮ್ಮ ಅಣ್ಣಗ ನೋಡಬಹುದಲ್ಲ?" ಎಂದು ಕೇಳಿದರು.

ಅದೇ ಸಲದ ಭಾನುವಾರ ಮಧ್ಯಾಹ್ನ ಊಟವಾದ ಮೇಲೆ ಅತ್ತೆ ಸೋಫಾದಲ್ಲಿ ಕಾಲು ಮಡಚಿ ಕೂತು, "ನೀ ಯಾವಾಗಲೂ ಹೇಳ್ತೀಯಲ್ಲ ಹಕ್ಕಿ ಸಿನಿಮಾ, ಹಚ್ಚ ನೋಡೂಣು," ಎಂದರು. ನಾನು ತಪ್ಪಿಸಿಕೊಳ್ಳಲು ಬಹಳ ನೋಡಿದೆ. ಇಂಗ್ಲಿಷು ಅಂದೆ. ಕೆಳಗೆ ಬರುವ ಅಕ್ಷರ ಓದಲು ಬರುತ್ತದೆ ಅಂದರು. ಉದ್ದ ಅಂದೆ. ಇಡೀ ದಿನ ಪುರುಸೊತ್ತು ಅಂದರು. ಕೊನೆಗೆ ಒಂದು ಉಪಾಯ ಮಾಡಿ ಎರಡನೆಯ ಭಾಗ ಹಾಕಿದೆ, ಅದರಲ್ಲಿ ಬೂದಿರಾಜ ಬರುವುದೇ ಕೊನೆಯ ಹತ್ತಿರ. ಅಷ್ಟರಲ್ಲಿ ಅವರಿಗೆ ನಿದ್ದೆ ಬಂದಿರುತ್ತದೆ ಎಂದುಕೊಂಡೆ.

ಸಂಗೀತ ಮಾಡಿದವನ ಕುಶಲತೆಯನ್ನು ನಾನು ಮರೆತಿದ್ದೆ. ರಾಜ ಕಾಣದಿದ್ದರೂ ಅವನ ರಾಗ ಎಲ್ಲೆಲ್ಲೂ ಅಡಗಿ ಕೂತಿರುತ್ತದೆ. ಸುಟ್ಟ ಮರವೊಂದನ್ನು ತೋರಿಸಿದರು, ಕೆಳಗಿನ ಸ್ಥಾಯಿಯಲ್ಲಿ ಆ ನಾಲ್ಕು ಸ್ವರ. ಅತ್ತೆಯ ಬೆನ್ನು ನೆಟ್ಟಗಾಯಿತು.

"ತಂಗಿ! ಇದು ನನ್ನ ಹಾಡು!"

"ಸ್ವಲ್ಪ ಹಾಗೇ ಇದೆ ಅಲ್ವಾ ಅತ್ತೆ?"

"ಸ್ವಲ್ಪ ಅಲ್ಲವಾ, ಇದ. ಯಾರೋ ದೊಡ್ಡ ಮಂದಿ ಬರೋರದಾರ. ರಾಣಿ ಇರಬೇಕು."

ನನ್ನ ಗಂಡ ಎದ್ದು ಚಪ್ಪಲಿ ಹುಡುಕತೊಡಗಿದರು. "ಬೇಕರಿಯಿಂದ ಬನ್ ತರ್ತೀನಿ," ಎಂದು ಹೋದರು. ಸಿನಿಮಾ ಮುಂದುವರಿಯಿತು. ಒಂದು ಮದುವೆಯ ದೃಶ್ಯದಲ್ಲಿ ಕೊಳಲಿನ ಅಡಿಯಲ್ಲಿ ಮತ್ತೆ ಆ ರಾಗ. ಅತ್ತೆ ಸೆರಗು ಸರಿಮಾಡಿಕೊಂಡರು, ಅವರೇ ತೆರೆಯ ಮೇಲೆ ಬರುವವರಂತೆ. ಕೊನೆಗೆ ಕಹಳೆ, ನಗಾರಿ. ಬಾಗಿಲು ತೆರೆಯಿತು. ಬೂದಿ ಬಳಿದ ಮುಖ, ಮುಳ್ಳಿನ ಕಿರೀಟ. ಬಂದವನೇ ಒಂದು ಊರಿಗೆ ಬೆಂಕಿ ಇಟ್ಟ. ಸೈನಿಕರು ಎದ್ದು ನಿಂತು, ಬೆರಳನ್ನು ಹಣೆಗೆ ಮುಟ್ಟಿಸಿ, ತಲೆ ಬಾಗಿದರು.

ಅತ್ತೆ ರಿಮೋಟ್ ತೆಗೆದುಕೊಂಡು ತಾವೇ ನಿಲ್ಲಿಸಿದರು.

"ಇಂವ ಯಾರು?"

ಹೇಳಿದೆ. ಅಣ್ಣ ತಡವಾಗಿ ಬಂದದ್ದು, ಮಾಸ್ಟರು ಬೆರಳು ಎಣಿಸಿದ್ದು, ಎಲ್ಲವನ್ನೂ. ಟೀಚರ ಎದುರು ನಿಂತಾಗ ಸುಳ್ಳು ಹೊಳೆಯುವುದಿಲ್ಲ.

"ಹಂಗಾದ್ರ ಆ ಹುಡುಗ್ರು ಎದ್ದ ನಿಂತದ್ದು ನನಗಲ್ಲ. ಇಂವಗ."

"ಹೂಂ ಅತ್ತೆ."

ಅವರು ಬೈದಿದ್ದರೆ ಚೆನ್ನಾಗಿತ್ತು. ಮೆಂತ್ಯ ಸೊಪ್ಪಿನ ಕಟ್ಟು ತೆಗೆದುಕೊಂಡು ಬಾಲ್ಕನಿಗೆ ಹೋಗಿ, ನನಗೆ ಬೆನ್ನು ಮಾಡಿ ಕೂತು ಬಿಡಿಸತೊಡಗಿದರು. ಗಂಡ ಬನ್ನಿನ ಪೊಟ್ಟಣ ಹಿಡಿದು ಬಂದವರು ಬಾಗಿಲಲ್ಲೇ ಪಿಸುಗುಟ್ಟಿದರು: "ಏನಾತು?"

"ಹೇಳ್ಬಿಟ್ಟೆ."

"ಎಲ್ಲಾ?"

"ಎಲ್ಲಾ."

ಪೊಟ್ಟಣವನ್ನು ನನ್ನ ಕೈಗೆ ಕೊಟ್ಟು, "ಹಾಲು ಮರೆತೆ," ಎಂದು ಮತ್ತೆ ಕೆಳಗಿಳಿದರು. ಫ್ರಿಜ್ಜಿನಲ್ಲಿ ಹಾಲಿತ್ತು.

ಆ ರಾತ್ರಿ ಅತ್ತೆ ಮೊಸರನ್ನ ಮಾತ್ರ ಉಂಡರು. ಫೋನಿಗೆ ಕಂಪನಿಯವರದೇ ಟ್ರಿಣ್ ಟ್ರಿಣ್ ಹಾಕಿಸಿಕೊಂಡರು. ಮರುದಿನ ನಾನು ಆಫೀಸಿಗೆ ಹೋದೆ. ಸಂಜೆ ಬಂದು ಬೀಗ ತೆಗೆದರೆ ಒಳಗೆ ಕಹಳೆ ಕೇಳುತ್ತಿದೆ! ಅತ್ತೆ ಟಿವಿಯ ಮುಂದೆ ಕೂತಿದ್ದಾರೆ, ಎರಡನೆಯದು ಮುಗಿದು ಮೂರನೆಯದರ ನಡುವಿದ್ದಾರೆ.

"ಬಾ, ಬಾ," ಎಂದರು ಕಣ್ಣು ತೆಗೆಯದೆ. "ನನ್ನ ಹಾಡು ಇಸಗೊಂಡಾನ. ಮುಂದ ಏನ ಮಾಡ್ತಾನ ನೋಡೂಣಂತ."

ಆ ವಾರ ನಾವಿಬ್ಬರೂ ಸಂಜೆ ಸಂಜೆ ಕೂತು ಉಳಿದದ್ದನ್ನೆಲ್ಲ ನೋಡಿದೆವು. ಅತ್ತೆಗೆ ಕಣಿವೆಯ ಜನ ಅಷ್ಟು ಹಿಡಿಸಲಿಲ್ಲ. "ಯಾವಾಗ ನೋಡಿದ್ರೂ ಹಕ್ಕಿ ಮ್ಯಾಲೆ ಕೂತ ಅಡ್ಡಾಡ್ತಾರ, ಒಬ್ಬರರ ಅಡಿಗಿ ಮಾಡಿದ್ದು ಕಾಣಲಿಲ್ಲ," ಎಂದರು. ಬೂದಿರಾಜನ ಮೇಲೆ ಮಾತ್ರ ವಿಶೇಷ ನಿಗಾ. ನಾಲ್ಕನೆಯ ಭಾಗದಲ್ಲಿ ಅವನು ಸತ್ತ ಮಗಳ ಗೊಂಬೆಯನ್ನು ಕೈಯಲ್ಲಿ ಹಿಡಿದು ಕೂರುತ್ತಾನೆ. ಅಲ್ಲಿ ಅದೇ ರಾಗ ಒಂಟಿ ಪಿಟೀಲಿನಲ್ಲಿ, ತೀರ ನಿಧಾನವಾಗಿ ಬರುತ್ತದೆ. ಅತ್ತೆ ಸೆರಗಿನಿಂದ ಮೂಗು ಒರೆಸಿಕೊಂಡು, "ಹುಟ್ಟಾ ಕೆಟ್ಟಂವ ಅಲ್ಲ ತಗೋ," ಎಂದರು. ಮರು ನಿಮಿಷದಲ್ಲೇ ಅವನು ಸೇತುವೆ ಸುಟ್ಟಾಗ, "ಆದರೂ ಬುದ್ಧಿಗೇಡಿ. ನನ್ನ ಕ್ಲಾಸಿನ್ಯಾಗ ಇದ್ದಿದ್ರ ಸರಿ ಮಾಡ್ತಿದ್ದೆ," ಎಂದರು.

ಕೊನೆಯ ಭಾಗದ ಕೊನೆಯಲ್ಲಿ ಬೂದಿರಾಜ ಸೋತು ಕಣಿವೆಯ ಮಣ್ಣಿನಲ್ಲೇ ಬೀಳುತ್ತಾನೆ. ಕ್ಲಾರಿನೆಟ್ಟಿನಲ್ಲಿ ಜೋಗುಳ, ಅದರ ಕೆಳಗೆ ಕಹಳೆಯಲ್ಲಿ ರಾಜನ ರಾಗ. ಎರಡೂ ಒಂದಕ್ಕೊಂದು ಒಗ್ಗದೆ ಸ್ವಲ್ಪ ದೂರ ನಡೆದು, ಆಮೇಲೆ ಕೈ ಹಿಡಿದಂತೆ ಸೇರಿಕೊಳ್ಳುತ್ತವೆ. ಅಭಿಮಾನಿಗಳು ಅದರ ಮೇಲೆ ಪುಟಗಟ್ಟಲೆ ಬರೆದಿದ್ದಾರೆ. ನಾನು ಅತ್ತೆಯ ಮುಖ ನೋಡಿದೆ.

"ನೋಡು," ಎಂದರು ಅತ್ತೆ. "ಬೀಗರಾದ್ರು."

ನಾನು ನಕ್ಕು ನಕ್ಕು ಸೋಫಾದಿಂದ ಜಾರಿದೆ. ಅವರು ಯಾಕೆಂದು ಕೇಳಿದರು. ಆಮೇಲೆ ಅವರಿಗೂ ನಗು ಬಂತು. ಗಂಡ ಕೋಣೆಯಿಂದ ಇಣುಕಿ, ನಾವು ಜಗಳವಾಡುತ್ತಿಲ್ಲವೆಂದು ಖಾತ್ರಿ ಮಾಡಿಕೊಂಡು ಹೊರಗೆ ಬಂದರು.

ಊರಿಗೆ ಹೊರಡುವ ದಿನ ಅತ್ತೆ ಮಗನ ಕೈಗೆ ಫೋನ್ ಕೊಟ್ಟರು. "ಆ ಟ್ರಿಣ್ ಟ್ರಿಣ್ ಬ್ಯಾಡ. ನೀ ಫೋನ್ ಮಾಡಿದ್ರ ಕಣಿವಿ ಹಾಡು ಬರಬೇಕು. ಸೊಸಿ ಮಾಡಿದ್ರ ಬೂದಿರಾಜಂದು."

"ಅಯ್ಯೋ ಅತ್ತೆ, ನನಗ್ಯಾಕೆ ಅದು?"

"ಇಂವ ಊಟ ಆತೇನಂತ ಕೇಳಿ ಇಟ್ಟ ಬಿಡ್ತಾನ. ನೀ ಮಾಡಿದ್ರ ತಾಸಗಟ್ಟಲೆ ಬೇಕು. ಎತ್ತೋದ್ರಾಗನ ನನಗ ಗೊತ್ತಾಗಬೇಕಲ್ಲ, ಒಲಿ ಆರಿಸಬೇಕೋ ಬ್ಯಾಡೋ ಅಂತ."

ಈಗ ನಾನು ಧಾರವಾಡಕ್ಕೆ ಫೋನ್ ಮಾಡಿದರೆ ಎತ್ತುವುದು ಸ್ವಲ್ಪ ತಡ. ಒಲೆ ಆರಿಸಿ, ಕೈ ಒರೆಸಿಕೊಂಡು, ಕುರ್ಚಿ ಎಳೆದುಕೊಂಡು ಕೂತ ಮೇಲೆಯೇ ಅವರ ದನಿ ಬರುವುದು: "ಹಾಂ, ಹೇಳವಾ."