ಹೇನಿಗೆ ಹಚ್ಚಿದ ಸೀತಾಫಲದ ಬೀಜ

"ಮಾಸ್ತರ್ರ, ಇದು ನೀವೇ ಬರ್ದದ್ದೇನ್ರಿ?"

ಹೋದ ವಾರ ಒಂದು ಬೆಳಿಗ್ಗೆ ಬಸವಕಲ್ಯಾಣದ ನಮ್ಮ ಮನೆ ಬಾಗಿಲಲ್ಲಿ ಮೋರಖಂಡಿಯ ಟೇಲರ್ ಮಾಣಿಕಪ್ಪ ನಿಂತಿದ್ದ. ಕೈಯಲ್ಲಿ ನನ್ನ ಹಿಂದಿನ ಕಾಲಂ, ಕತ್ತರಿಸಿ ಇಟ್ಟುಕೊಂಡದ್ದು. ಹಿಂದೆ ಅವನ ಹೆಂಡತಿ ಕಾಶಮ್ಮ. ಸೆರಗಿನಿಂದ ಎರಡೂ ಕಣ್ಣು ಒತ್ತಿ ಹಿಡಿದಿದ್ದಳು.

ಹೌದು, ನಾನೇ ಬರೆದದ್ದು. ಹಣ್ಣು ತಿಂದು ಬೀಜ ಬಿಸಾಡಬೇಡಿ ಎಂದಿದ್ದೆ. ಸೀತಾಫಲದ ಬೀಜ ಅರೆದು ಎಣ್ಣೆಯಲ್ಲಿ ಕಲಸಿ ತಲೆಗೆ ಹಚ್ಚಿದರೆ ಹೇನು ಸಾಯುತ್ತವೆ ಎಂದಿದ್ದೆ. (ನಮ್ಮ ಗುಡ್ಡಗಳಲ್ಲಿ ಸೀತಾಫಲಕ್ಕೇನು ಬರ?) ಓದಿದವರು ಬಸ್ ಸ್ಟ್ಯಾಂಡಿನಲ್ಲಿ ಕೈ ಕುಲುಕಿದ್ದರು. ನಾನೂ ಉಬ್ಬಿದ್ದೆ.

"ನಿನ್ನೆ ಹಚ್ಕೊಂಡಾಳ್ರಿ. ಬೆವರಿನ ಕೂಡ ಕಣ್ಣಿಗೆ ಇಳೀತು. ಆವಾಗಿಂದ ಉರಿಯಾಕತ್ತದ. ಬೆಳಕು ನೋಡಾಕ ಆಗವಲ್ದು. ಇದರ ಇಲಾಜೂ ನಿಮಗ ಗೊತ್ತಿರಬೇಕಲ್ರಿ?"

ಬೈಯಲು ಬಂದಿರಲಿಲ್ಲ. ನಂಬಿ ಬಂದಿದ್ದರು. ಬೈದಿದ್ದರೆ ಹೇಗೋ ತಡೆದುಕೊಳ್ಳುತ್ತಿದ್ದೆ.

ಇಲಾಜು ನನಗೇನು ಗೊತ್ತು? ಅಂಗಳದಲ್ಲಿ ಕೂರಿಸಿ ಕೊಡಗಟ್ಟಲೆ ನೀರಿನಲ್ಲಿ ಕಣ್ಣು ತೊಳೆಸಿದೆವು. ರೆಪ್ಪೆ ಬಿಡಿಸಿದರೆ ಬರೀ ಕೆಂಪು. ಸಿಕ್ಕ ಬಸ್ಸು ಹತ್ತಿ ಹುಮನಾಬಾದಿಗೆ, ಕಣ್ಣಿನ ಡಾಕ್ಟರ ಹತ್ತಿರ ಹೊರಟೆವು. ದಾರಿಯಲ್ಲಿ ರಾಜೇಶ್ವರದಲ್ಲಿ ಡ್ರೈವರ್ ಚಹಾಕ್ಕೆಂದು ಇಳಿದವನು ಎಷ್ಟು ಹೊತ್ತಾದರೂ ಬರಲಿಲ್ಲ. ಆಗ ಕಾಶಮ್ಮ ಮೊದಲ ಸಲ ಬಾಯಿ ತೆರೆದಳು.

"ಅಂಗಿಗೆ ಕಾಜಾ, ಗುಂಡಿ ಎಲ್ಲಾ ನಾನೇ ಹಾಕ್ತೀನ್ರಿ. ಕಣ್ಣು ಹೋದ್ರ ಹ್ಯಾಂಗ್ರಿ?"

ನಾನು ಇಳಿದು ಹೋಗಿ ಚಹಾದಂಗಡಿಯಿಂದ ಡ್ರೈವರನನ್ನು ಎಬ್ಬಿಸಿ ಕರೆತಂದೆ.

ಡಾಕ್ಟರು ಟಾರ್ಚ್ ಹಿಡಿದು ನೋಡಿದರು. "ಹೇನು ಕೊಲ್ಲೋದು ವಿಷಾನೇ ಅಲ್ಲೇನ್ರಿ? ಕಣ್ಣಿಗೆ ಬಿದ್ರ ಬಿಡ್ತದ?" ಕರಿಗುಡ್ಡೆಯ ಮೇಲ್ಪದರ ಸುಟ್ಟಿದೆ, ಔಷಧ ಹಾಕಿ ಪಟ್ಟಿ ಕಟ್ಟುತ್ತೇನೆ, ನಾಲ್ಕು ದಿನ ನೋಡೋಣ ಎಂದರು. ಭರವಸೆ ಕೊಡಲಿಲ್ಲ.

ನಾಲ್ಕು ದಿನವೂ ಮೋರಖಂಡಿಗೆ ಸೈಕಲ್ ತುಳಿದೆ. ಅನ್ನ ರುಚಿಸಲಿಲ್ಲ. ಐದನೆಯ ದಿನ ಹುಮನಾಬಾದಿನಲ್ಲಿ ಡಾಕ್ಟರು ಪಟ್ಟಿ ಬಿಚ್ಚಿದರು. ಕಾಶಮ್ಮ ಕಣ್ಣು ಕಿರಿದು ಮಾಡಿ ಸುಮಾರು ಹೊತ್ತು ನನ್ನನ್ನೇ ನೋಡಿದಳು.

"ಮಾಸ್ತರ್ರು ದಾಡಿ ಮಾಡ್ಕೊಂಡಿಲ್ಲ ನೋಡ್ರಿ."

ಮಾಣಿಕಪ್ಪ ಅಳುತ್ತಲೇ ನಕ್ಕ.

ಈಗ ನಿಜ ಹೇಳಿಬಿಡುತ್ತೇನೆ. ನಮ್ಮಜ್ಜಿ ಈ ಬೀಜ ಹಚ್ಚುವಾಗ ನಮ್ಮ ಕಣ್ಣಿಗೆ ಬಟ್ಟೆ ಬಿಗಿದು ಕಟ್ಟುತ್ತಿದ್ದಳು. ನನಗದು ನೆನಪಿತ್ತು. ಬರೆದೂ ಇದ್ದೆ. ಲೇಖನ ಉದ್ದವಾಯಿತೆಂದು ಆ ಸಾಲನ್ನು ನಾನೇ ಹೊಡೆದುಹಾಕಿದೆ. (ಪಕ್ಕದಲ್ಲಿದ್ದ ಜೋಕು ಮಾತ್ರ ಉಳಿಯಿತು.) ಬಟ್ಟೆ ಕಟ್ಟಿಕೊಂಡೂ ಹಚ್ಚಬೇಡಿ ಎನ್ನುತ್ತಾರೆ ಡಾಕ್ಟರು.

ನನ್ನ ಮಾತು ಬೇಡ, ಅವರ ಮಾತನ್ನಾದರೂ ಕೇಳುತ್ತೀರಲ್ಲ?